ತಾರಸಿಯ ಮೇಲಿನ ಬಿಸಿನೀರು

ಬಿಸಿಲಿಗೆ ನೀರು ಕಾಯುತ್ತದೆಯೇ ಎಂದು ಕೇಳುತ್ತಿದ್ದಿರಲ್ಲ ಗೆಳೆಯರೇ, ಇವತ್ತು ನಮ್ಮ ಮನೆಯಲ್ಲಿ ಆದದ್ದನ್ನು ಕೇಳಿ. ಸೌದೆ ಡಿಪೋದ ಕ್ಯೂ ತಪ್ಪಲೆಂದು ಕಳೆದ ವಾರ ತಾರಸಿಯ ಮೇಲೆ ಸೋಲಾರ್ ಹೀಟರ್ ಹಾಕಿಸಿದೆ. ಮಂಡ್ಯಕ್ಕೇ ಅದು ಹೊಸತು. ಅದನ್ನು ನಂಬದ ನಮ್ಮ ಮಾವ ಪರೀಕ್ಷೆ ಮಾಡಲೆಂದೇ ಕೊತ್ತತ್ತಿಯಿಂದ ಬಂದರು. ಮೈಗೆಲ್ಲ ಎಣ್ಣೆ ಹಚ್ಚಿಕೊಂಡು ಮಧ್ಯಾಹ್ನ ಬಚ್ಚಲಲ್ಲಿ ಕೂತರು. ನಾನು ಹೆಮ್ಮೆಯಿಂದ ನಲ್ಲಿ ತಿರುಗಿಸಿದೆ.

ಮೊದಲ ಚೊಂಬಿಗೇ ನಡುಗಿ, "ಇದೇನ್ ಅಳಿಮಯ್ಯ, ಬಾವಿ ನೀರಿದ್ದಂಗದೆ" ಎಂದರು.

ತಾರಸಿಗೆ ಓಡಿದೆ. ಹೀಟರಿನ ಗಾಜಿನ ಪೆಟ್ಟಿಗೆಯ ಉದ್ದಕ್ಕೂ ಅವ್ವನ ಹಳೇ ಸೀರೆ, ಅದರ ತುಂಬ ಸಂಡಿಗೆ.

"ಏನವ್ವಾ ಇದು?"

"ಬಿಸ್ಲೆಲ್ಲಾ ಈ ಗಾಜ್ಗೇ ಬಂದು ಸೇರ್ತದೆ ಅಂದೋನು ನೀನೇ ಅಲ್ವೇನ್ಲಾ? ಅದ್ಕೇ ಇಲ್ಲೇ ಆಕ್ದೆ" ಎಂದಳು ಅವ್ವ.

ಕೊನೆಗೆ ಅವಳೇ ಹಂಡೆಗೆ ಉರಿ ಹಾಕಿದಳು. ಮಾವ ಅಲ್ಲಿಯವರೆಗೆ ಎಣ್ಣೆ ಮೈಯಲ್ಲೇ ಕಾದರು. ಸ್ನಾನ ಮುಗಿಸಿ ತಾರಸಿಗೆ ಬಂದವರು ಒಂದು ಸಂಡಿಗೆಯನ್ನು ಪಟ್ಟನೆ ಮುರಿದು ನೋಡಿದರು.

"ಒಂದೊತ್ಗೇ ಒಣಗೋಯ್ತಲ್ಲ. ನಮ್ಮನೇಗೂ ಒಂದು ಆಕ್ಸ್‌ಬುಡಿ, ನಿಮ್ಮತ್ತೆಗೆ ಆಯ್ತದೆ."

ಅದರಲ್ಲಿ ನೀರೂ ಕಾಯುತ್ತದೆ ಎಂದಷ್ಟೇ ಹೇಳಿ, ನಾನು ಸಂಡಿಗೆ ಎತ್ತಲು ಕೂತೆ.