ಓಬಯ್ಯನ ಕೈಗೆ ಕೊಟ್ಟ ಕೋಳಿ

ಆಗ ನನ್ನ ನಿವೃತ್ತಿಗೆ ಎರಡು ವರ್ಷವಿತ್ತು. ಒಂದು ಟಿವಿ ಧಾರಾವಾಹಿ ತಂಡದಲ್ಲಿ ಪ್ರೊಡಕ್ಷನ್ ಮ್ಯಾನೇಜರ್ ಆಗಿದ್ದೆ. ಊಟ, ವಾಹನ, ಲಾಡ್ಜು ನೋಡಿಕೊಳ್ಳುವುದರ ಜೊತೆಗೆ ಕಲಾವಿದರ ಮಾತನ್ನು ನಿರ್ದೇಶಕರಿಗೆ, ಅವರ ಮಾತನ್ನು ಇವರಿಗೆ ಮುಟ್ಟಿಸುವುದೂ ನನ್ನ ಕೆಲಸ.

ಓಬಯ್ಯ ರಾಂಪುರದ ಕಡೆಯ ಒಂದು ಹಟ್ಟಿಯವನು. ಇಡೀ ಊರಿಗೆ ಒಂದೇ ಟಿವಿ ಇದ್ದ ಕಾಲದಿಂದ ಧಾರಾವಾಹಿಗಳಲ್ಲಿ ಸಣ್ಣಪುಟ್ಟ ಪಾತ್ರ ಮಾಡುತ್ತಿದ್ದ. ಪೋಸ್ಟ್‌ಮ್ಯಾನ್, ಜವಾನ, ಕೋರ್ಟಿನಲ್ಲಿ ಹೆಸರು ಕೂಗುವವನು. ಒಮ್ಮೆ ದಿನವಿಡೀ ಹೆಣವಾಗಿ ಮಲಗಿದ್ದ. ಮೂಗಿನ ಮೇಲೆ ನೊಣ ಕೂತರೂ ಮಿಸುಕಲಿಲ್ಲ, ಪುಣ್ಯಾತ್ಮ. ಮೂವತ್ತು ವರ್ಷ ಟೈಟಲ್ ಕಾರ್ಡಿನ ‘ಮತ್ತು ಇತರರು’ ಎಂಬಲ್ಲೇ ಉಳಿದಿದ್ದ.

ಈ ಸಲ ಜಟಿಂಗ ರಾಮೇಶ್ವರದ ಗುಡ್ಡದ ಕೆಳಗೆ ಶೂಟಿಂಗ್. ಓಬಯ್ಯನಿಗೆ ನಾಲ್ಕು ಸಾಲು ಡೈಲಾಗು, ಟೈಟಲ್ ಕಾರ್ಡಿನಲ್ಲಿ ಮೊದಲ ಸಲ ಹೆಸರು. ಸಾಹೇಬರಿಗೆ ಕೊಡಲು ಕೋಳಿ ಹಿಡಿದು ಬರುವ ರೈತನ ಪಾತ್ರ. ಡೈಲಾಗು ಕೊಟ್ಟಿದ್ದ ನಾನು ಕೋಳಿಯ ವಿಷಯ ಹೇಳಿರಲಿಲ್ಲ. ಮಗನ ಆಟ ನೋಡಲಿ ಎಂದು ಓಬಯ್ಯ ಎಂಬತ್ತು ದಾಟಿದ ತನ್ನ ಅವ್ವನನ್ನು ಆಟೋದಲ್ಲಿ ಕರೆತಂದು ಬೇವಿನ ನೆರಳಲ್ಲಿ ಕೂರಿಸಿದ್ದ. ಕೋಳಿ ಕಂಡದ್ದೇ ಅವನ ಮುಖ ಸಪ್ಪಗಾಯಿತು.

“ಸರ್, ನಮ್ಮ ಹಟ್ಟಿಯಾಗೆ ಕೋಳಿ ಮುಟ್ಟಂಗಿಲ್ಲ, ಹಿರೇರ ಕಾಲದ ಕಟ್ಟಳೆ. ಬ್ಯಾರೆ ಊರಾಗಾದ್ರೆ ಹೆಂಗೋ ಮಾಡ್ತಿದ್ದೆ. ಅವ್ವ ಕುಂತಾಳೆ. ಮೇಕೆಮರಿ ಹಿಡ್ಕಂಡ್ರೆ ಆಗಲ್ವಾ? ಡೈರೆಕ್ಟರ್‌ನ ಒಂದ್ ಮಾತು ಕೇಳ್ರಿ.”

ನಿರ್ದೇಶಕರು ಬೆಳಿಗ್ಗೆಯಿಂದ ಸಿಡಿಮಿಡಿ ಎನ್ನುತ್ತಿದ್ದರು. ಬೈಗುಳ ತಿನ್ನುವ ಧೈರ್ಯ ನನಗಿರಲಿಲ್ಲ. ಕ್ಯಾಮೆರಾ ಕಡೆ ನಡೆದವನು ವ್ಯಾನಿನ ಮರೆಯಲ್ಲಿ ನಿಂತು ಒಂದು ಲೋಟ ಚಹಾ ಕುಡಿದು ವಾಪಸ್ ಬಂದೆ.

“ಒಪ್ಪಲಿಲ್ಲ ಓಬಯ್ಯ. ನೀನು ಬೇಡ ಅಂದ್ರೆ ಬೇರೆಯವರನ್ನ ಹಾಕ್ತಾರಂತೆ” ಎಂದೆ.

ಅವನು ಅವ್ವನ ಕಡೆ ಒಮ್ಮೆ ನೋಡಿ ಕೋಳಿ ಎತ್ತಿಕೊಂಡ. ಮೊದಲ ಟೇಕಿಗೇ ಓಕೆ ಆಯಿತು. ಅವ್ವ ಕೋಲೂರಿಕೊಂಡು ಎದ್ದಳು. “ಮೈ ತೊಳ್ಕಂಡು ಬಾ, ಆಮ್ಯಾಲೆ ಹಟ್ಟಿಗೆ ಕಾಲಿಡು” ಎಂದಷ್ಟೇ ಹೇಳಿ ಹೊರಟಳು.

ಪ್ಯಾಕಪ್ ಆದ ಮೇಲೆ ಓಬಯ್ಯ ಕೋಳಿ ಬದಲು ಮೇಕೆಮರಿ ಕೇಳಿದ್ದನ್ನು ತಮಾಷೆ ಎಂಬಂತೆ ನಿರ್ದೇಶಕರಿಗೆ ಹೇಳಿದೆ. ಅವರು ನಗಲಿಲ್ಲ.

“ಮೊದಲೇ ಹೇಳಬಾರದಿತ್ತೇನ್ರಿ? ಮೇಕೆಮರಿ ಆಗಿದ್ರೆ ಸೀನು ಇನ್ನೂ ಚೆನ್ನಾಗಿರ್ತಿತ್ತು.”

ನಾಚಿಕೆಯಿಂದ ಭೂಮಿಗಿಳಿದು ಹೋದೆ. ಆದರೂ ಮತ್ತೊಂದು ಟೇಕ್ ತೆಗೆಯೋಣ ಎನ್ನಲು ಬಾಯಿ ಬರಲಿಲ್ಲ.

ಓಬಯ್ಯನ ಹೆಸರು ಟಿವಿಯಲ್ಲಿ ಬಂತು. ಅವತ್ತು ಅವನ ಮನೆಯಲ್ಲಿ ಟಿವಿ ಹಾಕಲಿಲ್ಲವಂತೆ. ಅದೇ ಅವನ ಕೊನೆಯ ಪಾತ್ರ.

ಹೋದ ವರ್ಷ ಚಳ್ಳಕೆರೆ ಬಸ್ ಸ್ಟ್ಯಾಂಡಿನಲ್ಲಿ ಸಿಕ್ಕ. ನಿಜ ಹೇಳಿಬಿಡಬೇಕು ಎಂದುಕೊಳ್ಳುವಷ್ಟರಲ್ಲಿ ಅವನೇ ನನ್ನ ಕೈ ಹಿಡಿದುಕೊಂಡ.

“ಮೂವತ್ತು ವರ್ಷದಾಗೆ ನನ್ ಸಲುವಾಗಿ ಡೈರೆಕ್ಟರ್‌ನ ಕೇಳಾಕೆ ಹೋದೋರು ನೀವೊಬ್ರೇ ಸರ್. ಅವ್ವಗೂ ಹೇಳೀನಿ.”

ಕೇಳದೆಯೇ ‘ಒಪ್ಪಲಿಲ್ಲ’ ಎನ್ನುವುದಕ್ಕಿಂತ ದೊಡ್ಡ ದ್ರೋಹ ನನ್ನ ಕೆಲಸದಲ್ಲಿ ಇಲ್ಲ. ಅದನ್ನು ನಾನು ಕಲಿತದ್ದು ಅಲ್ಲಿ, ಅವನ ಕೈಯೊಳಗೆ ನನ್ನ ಕೈ ಇದ್ದಾಗ. ಕಲಿತೂ “ಅಯ್ಯೋ, ಅದಕ್ಕೇನು ಬಿಡು” ಎಂದು ಬಸ್ಸು ಹತ್ತಿದೆ.