ಗಳ ಬಿಡದ ಮಾಳಿಂಗಪ್ಪ

ಸಿಂದಗಿಯ ನಮ್ಮ ಹೈಸ್ಕೂಲಿನಲ್ಲಿ ಮಾಳಿಂಗಪ್ಪನಷ್ಟು ಚೆನ್ನಾಗಿ ಜಿಗಿಯುವವರನ್ನು ನಾನು ಕಂಡಿಲ್ಲ; ಅವನಷ್ಟು ಅಂಜುವವರನ್ನೂ ಕಂಡಿಲ್ಲ. ದೇವಣಗಾಂವದ ಕುರಿಗಾರರ ಮನೆತನದ ಹುಡುಗ. ಊರ ಸಾಲೆ ಮುಗಿಸಿ, ಕೆಲಕಾಲ ಕುರಿ ಕಾಯ್ದು ತಡವಾಗಿ ಬಂದವನಾದ್ದರಿಂದ ತರಗತಿಯ ಉಳಿದವರಿಗಿಂತ ಗೇಣುದ್ದ ಎತ್ತರವಿದ್ದ. ಇದು ೧೯೭೪ರ ಮಾತು. ಉದ್ದ ಜಿಗಿತ, ಎತ್ತರ ಜಿಗಿತ, ಸಿಂಗಲ್ ಬಾರಿನ ಕಸರತ್ತು, ಯಾವುದಕ್ಕೆ ನಿಲ್ಲಿಸಿದರೂ ಅವನ ಸಮಕ್ಕೆ ಬರುವವರು ತಾಲೂಕಿನಲ್ಲಿ ಇರಲಿಲ್ಲ.

ಪೋಲ್ ವಾಲ್ಟ್ ಆಗ ನಮ್ಮ ಕಡೆಗೆ ಹೊಸದು. ನಮ್ಮ ಡ್ರಿಲ್ ಮಾಸ್ತರರಾಗಿದ್ದ ಪರಮಾನಂದ ಅವರು ಒಮ್ಮೆ ದೇವಣಗಾಂವಕ್ಕೆ ಹೋದಾಗ, ಈ ಹುಡುಗ ಕೈಯಲ್ಲಿದ್ದ ಬಡಿಗೆಯನ್ನು ನೆಲಕ್ಕೂರಿ ಮುಳ್ಳುಬೇಲಿ ಹಾರಿದ್ದನ್ನು ಕಂಡಿದ್ದರು. ಬಂದವರೇ ಉದ್ದನೆಯ ಬಿದಿರ ಗಳವೊಂದನ್ನು ತರಿಸಿ, ಉಸುಕಿನ ಗುಂಡಿಯ ಮುಂದೆ ಎರಡು ಕಂಬ ನೆಟ್ಟು ಅಡ್ಡಕೋಲು ಇರಿಸಿದರು. ಮಾಳಿಂಗಪ್ಪ ಓಡಿ ಬಂದು ಗಳವೂರಿ ಮೇಲೆದ್ದನೆಂದರೆ ನೋಡುವವರ ಎದೆ ಝಲ್ಲೆನ್ನುತ್ತಿತ್ತು. ಆದರೆ ಮೇಲೆ ಹೋದವನು ಗಳವನ್ನು ಹಿಂದಕ್ಕೆ ತಳ್ಳಿ ಬಿಡಬೇಕು. ಅವನು ಬಿಡುತ್ತಿರಲಿಲ್ಲ. ಅದನ್ನು ಹಿಡಿದುಕೊಂಡೇ ಅಡ್ಡಕೋಲಿನ ಮೇಲೆ ಬೀಳುತ್ತಿದ್ದ.

"ಬಿಡಲೇ ಅದನ್ನ. ಗಳ ಏನ್ ನಿನ್ನ ಹೇಂತಿ ಏನು?" ಎಂದು ಮಾಸ್ತರರು ಮೊದಮೊದಲು ನಗುತ್ತಿದ್ದರು. ಹುಡುಗರು ಅವನಿಗೆ ಉಡ ಎಂದು ಹೆಸರಿಟ್ಟರು. ಸಿಂಗಲ್ ಬಾರಿನಲ್ಲೂ ಅದೇ ಗತಿ. ಸುತ್ತು ಹಾಕುವಾಗ ಗಾಣದ ಹಾಗೆ ತಿರುಗುವನು. ಕಡೆಗೆ ಕೈಬಿಟ್ಟು ಹಾರಿ ಇಳಿಯುವ ಗಳಿಗೆ ಬಂದರೆ ಬೆರಳು ಬಿಚ್ಚುತ್ತಿರಲಿಲ್ಲ.

ಒಂದು ದಿನ ಆ ಬಿದಿರು ಅವನ ಭಾರಕ್ಕೆ ಸೀಳಿತು. ಬಿಡದೆ ಹಿಡಿದು ಬಿದ್ದವನ ಪಕ್ಕೆಯನ್ನು ಅದರ ಸಿಬಿರು ಗೀರಿಕೊಂಡು ಹೋಯಿತು. ಸ್ವಲ್ಪ ಈಚೆಗೆ ಬಂದಿದ್ದರೆ ಹೊಟ್ಟೆಯೊಳಗೇ ಇಳಿಯುತ್ತಿತ್ತು. ಅಂದಿನಿಂದ ಮಾಸ್ತರರ ನಗೆ ನಿಂತಿತು.

ಅವನನ್ನು ಮನೆಗೆ ಮುಟ್ಟಿಸಲು ನಾನೂ ಮಾಸ್ತರರ ಜೊತೆ ಬಸ್ಸು ಹತ್ತಿದೆ. ತಾಯಿ ಸುಂದರವ್ವ ಮಗನ ಪಕ್ಕೆಗೆ ಅರಿಶಿನ ಹಚ್ಚುತ್ತ, ನಾವು ಕೇಳದೆಯೇ ಎಲ್ಲವನ್ನೂ ಹೇಳಿದಳು. ಹಿರಿಯ ಮಗ ಸೋಮನಿಂಗ ಒಂದು ಮುಂಗಾರಿನಲ್ಲಿ ಈ ತಮ್ಮನನ್ನು ಕರೆದುಕೊಂಡು ಕುರಿ ಕಾಯಲು ಹೋಗಿದ್ದನಂತೆ. ಹಳ್ಳ ಹಾರುವಾಗ ಅವನ ಬಡಿಗೆ ಕೆಸರಿನಲ್ಲಿ ಸಿಕ್ಕಿತು, ಬಿಟ್ಟು ದಾಟಿದ. ಆಚೆ ದಂಡೆಯ ಜಾಲಿಯ ಮರೆಯಿಂದ ಹುಚ್ಚು ತೋಳವೊಂದು ಬಂದು, ಬರಿಗೈಯಲ್ಲಿದ್ದವನ ಮುಖಕ್ಕೇ ಬಾಯಿ ಹಾಕಿತು. ಮಾಳಿಂಗಪ್ಪ ಈಚೆ ದಂಡೆಯಲ್ಲಿ ನಿಂತು ಅದನ್ನು ಕಂಡ. ಕೆಲವು ವಾರಗಳಾದ ಮೇಲೆ ಸೋಮನಿಂಗ ನೀರು ಕಂಡರೆ ಬೆಚ್ಚುತ್ತ, ಚಿಲಕ ಹಾಕಿದ ಕೋಣೆಯೊಳಗೆ ತೀರಿಕೊಂಡ.

"ಬಡಿಗಿ ಬಿಡಬ್ಯಾಡೋ ಅಂತ ದಿನಾ ನಾನೇ ಹೇಳಿ ಕಳಸ್ತೇನ್ರಿ," ಎಂದಳು ಸುಂದರವ್ವ.

ತಂದೆ ಸಿದ್ದರಾಯ ಹೊಸ್ತಿಲಲ್ಲಿ ಕುಳಿತಿದ್ದ. ಒಬ್ಬನನ್ನು ತೋಳಕ್ಕೆ ಕೊಟ್ಟೆ, ಇನ್ನೊಬ್ಬನನ್ನು ಬಿದಿರಿಗೆ ಕೊಡಲಾರೆ ಎಂದ. ಮಾಸ್ತರರು ಬಹಳ ಕೇಳಿಕೊಂಡರು. ಕೊನೆಗೆ ಬಸವನ ಬಾಗೇವಾಡಿಯ ಪಂದ್ಯದಲ್ಲಿ ಒಂದೇ ಸಲ ಹಾರಲಿ, ತಾನೂ ಬರುತ್ತೇನೆ, ಆಗಲೂ ಕೈ ಬಿಚ್ಚದಿದ್ದರೆ ಸಾಲೆ ಬಿಡಿಸಿ ಕುರಿಯ ಹಿಂದೆ ಕರೆದೊಯ್ಯುತ್ತೇನೆ ಎಂದು ಒಪ್ಪಿದ.

ಬಾಗೇವಾಡಿಯಲ್ಲಿ ಮಾಳಿಂಗಪ್ಪ ಬೆಳಗಿನಿಂದ ರೊಟ್ಟಿ ಮುಟ್ಟಿರಲಿಲ್ಲ. ಅವನ ಮುಂದೆ ಹಾರಿದ ಮುದ್ದೇಬಿಹಾಳದ ಹುಡುಗನೊಬ್ಬ ಕಾಲು ಉಳುಕಿ ಬಿದ್ದ. ಅವನನ್ನು ಹೊತ್ತುಕೊಂಡು ಹೋದರು. ಮಾಳಿಂಗಪ್ಪನ ತುಟಿಗಳು ಬೆಳ್ಳಗಾದವು.

"ಆಗೂದಿಲ್ಲರೀ ಸರ್. ಮ್ಯಾಲ ಹೋದಕೂಡ್ಲೆ ಅದು ಕಾಣಸ್ತೈತ್ರಿ. ಕೆಳಗ ನಿಂತಿರತೈತಿ."

ಹಿಂದೆ ನಿಂತಿದ್ದ ಸಿದ್ದರಾಯನಿಗೆ ಈ ಮಾತು ಕೇಳಿಸಿತು. ಕೈ ಬಿಟ್ಟರೆ ಗಳ ಎಲ್ಲಿ ಬೀಳುತ್ತದೆಂದು ಮಾಸ್ತರರನ್ನು ವಿಚಾರಿಸಿದ. ಅವರು ಜಾಗ ತೋರಿಸಿದರು. ಹಿಂದಕ್ಕೆ ಬರುವ ಗಳವನ್ನು ಹಿಡಿಯಲು ಅಡ್ಡಿಯಿಲ್ಲವೆಂದು ಪಂದ್ಯದ ತೀರ್ಪು ಕೊಡುವ ಪಂಚರೂ ಹೇಳಿದರು. ಕುರಿಗಾರರಲ್ಲಿ ಬಡಿಗೆಯನ್ನು ತಮ್ಮವರೊಬ್ಬರ ಕೈಗೆ ಕೊಟ್ಟರೆ ಅದು ಬಿಟ್ಟಂತಲ್ಲ. ಸಿದ್ದರಾಯ ಧೋತರ ಮೇಲಕ್ಕೆ ಕಟ್ಟಿ ಅಲ್ಲಿ ಹೋಗಿ ನಿಂತ.

"ತಮ್ಮಾ, ನೆಲಕ್ಕ ಬೀಳಗೊಡೂದಿಲ್ಲ. ನನ್ನ ಕೈಯಾಗ ಕೊಡು."

ಮಾಳಿಂಗಪ್ಪ ಓಡಿ ಬಂದು ಗಳವೂರಿದ. ಕಾಲು ಮೇಲಾಗಿ, ತಲೆ ಕೆಳಗಾಗಿ ಎದ್ದ. ಗಳ ನೆಟ್ಟಗೆ ನಿಂತು ಓಲಾಡಿತು. ಎರಡು ಕೈಗಳೂ ಅದಕ್ಕೆ ಅಂಟಿಕೊಂಡೇ ಇದ್ದವು. ಕೆಳಗಿನಿಂದ ಸಿದ್ದರಾಯ ಮೆಲ್ಲಗೆ "ಕೊಡಪಾ" ಎಂದ.

ಬೆರಳುಗಳು ಬಿಚ್ಚಿದವು. ಹಿಂದಕ್ಕೆ ಬಂದ ಗಳ ಸಿದ್ದರಾಯನ ಹೆಗಲಿಗೆ ಬಡಿಯಿತು. ಅವನು ಎರಡೂ ತೋಳಿನಿಂದ ಅದನ್ನು ತಬ್ಬಿ ಹಿಡಿದ. ಅಡ್ಡಕೋಲು ನಡುಗಿ, ಅಲ್ಲೇ ನಿಂತಿತು. ಉಸುಕಿನಲ್ಲಿ ಬಿದ್ದ ಮಾಳಿಂಗಪ್ಪ ಮಾತ್ರ ಏಳಲಿಲ್ಲ. ಮೈ ಮುದುಡಿ, ಎರಡು ಅಂಗೈಯಿಂದ ಮುಖ ಮುಚ್ಚಿಕೊಂಡು ಬಿದ್ದಿದ್ದ. ಸಿದ್ದರಾಯ ಗಳವನ್ನು ಎಳೆದುಕೊಂಡೇ ಹೋಗಿ ಮಗನ ಪಕ್ಕದಲ್ಲಿ ಕುಳಿತ.

"ಏಳು. ಏನೂ ಬಂದಿಲ್ಲ."

ಪಂಚರು ಅಡ್ಡಕೋಲನ್ನು ಮೇಲಕ್ಕೇರಿಸಿದರು. ಒಪ್ಪಂದವಿದ್ದದ್ದು ಒಂದೇ ಜಿಗಿತಕ್ಕೆ. ಮಾಸ್ತರರಿಗೆ ಇನ್ನೊಂದನ್ನು ಕೇಳುವ ಧೈರ್ಯವಿರಲಿಲ್ಲ. ಸಿದ್ದರಾಯನೇ ಎದ್ದು, ಗಳವನ್ನು ಮಗನ ಕೈಗೆ ಕೊಟ್ಟು, ಮತ್ತೆ ಮೊದಲಿನ ಜಾಗಕ್ಕೆ ಹೋದ.

ಮಾಳಿಂಗಪ್ಪ ಅಂದು ಎರಡನೆಯವನಾದ, ಸಾಲೆಯಲ್ಲಿ ಉಳಿದ. ಮುಂದೆ ಇಂಡಿ, ವಿಜಾಪುರ, ಧಾರವಾಡದವರೆಗೂ ಹಾರಲು ಹೋದ. ಪ್ರತಿ ಸಲವೂ ಹಾರುವ ಮೊದಲು ವಾಂತಿ ಮಾಡಿಕೊಳ್ಳುತ್ತಿದ್ದ. ಪ್ರತಿ ಸಲವೂ ಸಿದ್ದರಾಯ ಹಿಂಡನ್ನು ಅಳಿಯನಿಗೆ ಒಪ್ಪಿಸಿ ಬಂದು ನಿಲ್ಲುತ್ತಿದ್ದ. ಸಿದ್ದರಾಯ ಮೊಣಕಾಲು ನೋವಿನಿಂದ ಏಳಲಾರದಂತಾದ ವರ್ಷ, ತಾವೇ ನಿಂತು ಗಳ ಹಿಡಿಯುವುದಾಗಿ ಪರಮಾನಂದ ಮಾಸ್ತರರು ಎಷ್ಟೋ ಹೇಳಿ ನೋಡಿದರು. ಮಾಳಿಂಗಪ್ಪ ತಲೆ ತಗ್ಗಿಸಿ, ಉದ್ದ ಜಿಗಿತಕ್ಕೆ ಮಾತ್ರ ಹೆಸರು ಬರೆಸಿದ.