ಮೊದಲ ಕೊಡದ ನೀರು

ವಾಡಿ ಜಂಕ್ಷನ್ನಿನ ಮಾಲುಗೋದಾಮಿನ ಹಿಂದೆ ಶಹಾಬಾದದ ಹಾಸುಗಲ್ಲಿನಿಂದ ಕಟ್ಟಿದ ಉದ್ದನೆಯ ಮನೆಯೊಂದಿದೆ. ಸರಕಾರಿ ಕಾಗದದಲ್ಲಿ ಅದರ ಹೆಸರು ‘ವಕ್ತ್ ಸಫಾಯಿ ಕಾರಖಾನೆ’, ಜನರ ಬಾಯಲ್ಲಿ ‘ಹೊತ್ತು ತೊಳೆಯುವ ಮನೆ’. ಬಹುಕಾಲ ಬಳಸಿದ ವಸ್ತುವಿಗೆ ಕಳೆದ ಕಾಲ ಮೆತ್ತಿಕೊಂಡು, ಹಳೆಯ ಸೀರೆ ಉಟ್ಟವಳಿಗೆ ಇನ್ನಾರದೋ ದುಃಖ ಹತ್ತುವುದೂ ಹಳೆಯ ಗಡಿಗೆಗೆ ಹಾಕಿದ ಹಾಲು ಕಾಯುವ ಮೊದಲೇ ಒಡೆಯುವುದೂ ಈ ಸೀಮೆಯಲ್ಲಿ ಎಲ್ಲರೂ ಬಲ್ಲ ಪೀಡೆ. ಆ ಪೀಡೆಯನ್ನು ಕಾಗಿಣಾ ಹೊಳೆಯ ನೀರಿನಿಂದಲೂ ವರ್ಷಗಳನ್ನು ಕೊರೆದ ಹಿತ್ತಾಳೆಯ ಸನಚಕ್ರದಿಂದಲೂ ಬಿಡಿಸುವ ವಿದ್ಯೆಯಲ್ಲಿ ಶ್ರೀ ಅಂಬರಾಯರಿಗೆ ಸರಿಸಾಟಿಯಾದವರು ಸೇಡಮ್ಮಿನಿಂದ ಚಿಂಚೋಳಿಯವರೆಗೆ ಇನ್ನೊಬ್ಬರಿಲ್ಲ. ಇದು ಹೊಗಳಿಕೆಯಲ್ಲ, ಹೊಗಳಿದರೆ ಅವರು ಈ ಸನ್ಮಾನದ ಸಭೆಯಿಂದ ಎದ್ದು ಹೋಗುತ್ತಾರೆಂಬುದು ಜೊತೆಗೆ ದುಡಿದ ನಮಗೆ ಗೊತ್ತು.

ನದಿಯ ದಂಡೆಯ ಅಂಬಿಗರ ಮನೆತನದಲ್ಲಿ ಹುಟ್ಟಿದ ಅವರು ಸರಕಾರಿ ಲೆಕ್ಕದ ಫಸಲಿ ಸನ ೧೩೩೪ರಲ್ಲಿ ನೀರು ಹೊರುವ ಆಳಾಗಿ ಸೇರಿ, ಐದು ವರ್ಷಗಳಲ್ಲಿ ಚಕ್ರ ತಿರುಗಿಸುವ ಹುದ್ದೆಗೇರಿದರು. ಕೆಲಸ ಕೇಳುವುದಕ್ಕೆ ಸುಲಭ. ವಸ್ತುವನ್ನು ಕಲ್ಲಿನ ತೊಟ್ಟಿಯಲ್ಲಿಟ್ಟು ಚಕ್ರವನ್ನು ಬೇಕಾದ ಸನಕ್ಕೆ ತಿರುಗಿಸಿದರೆ, ಆ ಸನದಿಂದೀಚೆಗೆ ಹತ್ತಿದ ಹೊತ್ತೆಲ್ಲ ನೀರಿಗಿಳಿಯುತ್ತದೆ. ಈಚಿನದು ಮೊದಲು, ಹಳೆಯದು ಆಮೇಲೆ. ಇಳಿದ ನೀರನ್ನು ಆಗಿಂದಾಗಲೇ ಚೆಲ್ಲಬೇಕೆಂದು ಕಾನೂನು. ಅಂಬರಾಯರು ಮಾತ್ರ ಮೊದಲ ಕೊಡವನ್ನು ಗಂಗಮ್ಮನ ಪಾಲೆಂದು ಮೂಲೆಯಲ್ಲಿಟ್ಟು, ಮರುದಿನ ಬೆಳಿಗ್ಗೆ ಹೊಳೆಗೆ ಒಯ್ದು ಬಿಡುತ್ತಿದ್ದರು. ಕಾರಖಾನೆಯ ಮೇಲ್ವಿಚಾರಕರಾದ ದಾರೋಗಾ ಶೌಕತ ಅಲಿಯವರು ನಗುತ್ತಿದ್ದರು: “ಹೊಲಸ ನೀರಿಗೂ ಪೂಜಾ ಏನೋ ಅಂಬರಾಯ?” ನಕ್ಕರೂ ತಡೆಯಲಿಲ್ಲ, ಅದು ಅವರ ದೊಡ್ಡತನ.

ಫಸಲಿ ೧೩೪೬ರ ಬೇಸಿಗೆಯಲ್ಲಿ ಚಿತ್ತಾಪುರದಿಂದ ಒಂದು ಕೌದಿ ಬಂತು. ತಹಸೀಲ ಕಚೇರಿಯ ಕಾರಕೂನರ ಹೆಂಡತಿ ಖುರ್ಷಿದಬೇಗಂ ಅವರು ಕಳಿಸಿದ್ದು. ಒಂಬತ್ತು ವರ್ಷದ ಮಗಳು ನೂರಜಹಾನ್ ಹುಟ್ಟಿದಂದಿನಿಂದ ಹೊದ್ದ ಕೌದಿ ಅದು. ಹಿಂದಿನ ವರ್ಷ ವಿಷಮಜ್ವರದಲ್ಲಿ ನರಳಿ ಅದೇ ಕೌದಿಯಲ್ಲಿ ಕಣ್ಣು ಮುಚ್ಚಿದ್ದಳು. ಜ್ವರದ ಕಾಲವನ್ನಷ್ಟೇ ತೆಗೆದು, ಮಗು ಆಡಿ ಮಲಗಿದ ಕಾಲವನ್ನು ಉಳಿಸಿಕೊಡಬೇಕೆಂದು ತಾಯಿಯ ಬೇಡಿಕೆ. ಚೀಟಿಯಲ್ಲಿ ‘ಸನ ೧೩೪೫’ ಎಂದಿತ್ತು.

ಚಕ್ರಕ್ಕೆ ಎರಡು ಬಳೆಗಳು: ಒಂದು ಸರಕಾರದ ಫಸಲಿ ಸನದ್ದು, ಇನ್ನೊಂದು ಹಿಜರಿ ಸನದ್ದು. ಎರಡರ ನಡುವೆ ಒಂಬತ್ತು ವರ್ಷಗಳ ಅಂತರ, ಹಿಜರಿಯ ೧೩೪೫ ಎಂದರೆ ಫಸಲಿಯ ೧೩೩೬. ಮುಸಲ್ಮಾನರ ಮನೆಯ ಸಾಮಾನು, ಹಿಜರಿಯೇ ಇರಬೇಕೆಂದು ಅಂಬರಾಯರು ಗೌರವದಿಂದಲೇ ಎಣಿಸಿ ಹಿಜರಿಯ ಬಳೆಯನ್ನು ತಿರುಗಿಸಿದರು. ಬೇಗಂ ಬರೆದದ್ದು ಫಸಲಿ. ಜ್ವರದ ಜೊತೆಗೆ ಮಗುವಿನ ಒಂಬತ್ತೂ ವರ್ಷ ಕೊಚ್ಚಿಹೋಯಿತು. ಕೌದಿ ಅಂದೇ ಹೊಲಿದಂತೆ ಹೊರಬಂದಾಗ ಅಂಬರಾಯರು ಚೀಟಿಯನ್ನು ತಿರುಗಿ ಓದಿದರು.

ಬಚ್ಚಿಡಬಹುದಿತ್ತು. ಕೌದಿ ಚೊಕ್ಕಟವಾಗಿದೆಯೆಂದು ಕಳಿಸಿದ್ದರೆ ಕೇಳುವವರಾರು? ಅಂಬರಾಯರು ಕೌದಿಯನ್ನು ಬಗಲಿಗಿಟ್ಟು, ಮೂಲೆಯಲ್ಲಿದ್ದ ಮೊದಲ ಕೊಡವನ್ನು ತೊಡೆಯ ಮೇಲಿಟ್ಟುಕೊಂಡು ಮರುದಿನದ ಗಾಡಿ ಹತ್ತಿದರು. ಚಿತ್ತಾಪುರ ಸ್ಟೇಶನ್ನಿನಿಂದ ಬೇಗಂ ಅವರ ಬಾಗಿಲತನಕ ಅದನ್ನು ತಲೆಯ ಮೇಲೆ ಹೊತ್ತು ನಡೆದರು.

“ತಪ್ಪಾಗ್ಯಾದ್ರಿ ಬೇಗಂ ಸಾಹೇಬರ. ನೀವು ಫಸಲಿ ಬರದಿದ್ರಿ, ನಾ ಹಿಜರಿ ಅಂತ ತಿಳಕೊಂಡೆ.”

“ಮುಸಲ್ಮಾನರು ಅಂದ್ರ ಹಿಜರಿನೇ ಬರೀತಾರಂತ ಯಾರ್ ಹೇಳ್ಯಾರ ನಿನಗ? ನಮ್ಮವರು ಕಚೇರ್ಯಾಗ ಕಾರಕೂನ ಅದಾರ. ಈದ್ ಒಂದ್ ಬಿಟ್ರ ಈ ಮನ್ಯಾಗ ಎಲ್ಲಾ ಫಸಲಿನೇ!” ಬೈಯುತ್ತ ಬೈಯುತ್ತಲೇ ಹೋದದ್ದು ಏನೆಂದು ಬೇಗಂ ಅವರಿಗೆ ಅರ್ಥವಾಯಿತು. ಕೌದಿಯನ್ನು ಮುಖಕ್ಕೆ ಒತ್ತಿಕೊಂಡರು. ಅದರಲ್ಲಿ ಯಾರೂ ಇರಲಿಲ್ಲ.

“ಒಂದು ಕೊಡ ಉಳದದ ರೀ,” ಎಂದರು ಅಂಬರಾಯರು, ತಲೆ ಎತ್ತದೆ. “ಕೌದಿ ಇದರಾಗ ನೆನಸಿದ್ರ ತಿರುಗಿ ಹತ್ತತದ. ಆದ್ರ ಇದು ಮೊದಲನೇ ನೀರು. ಇದರಾಗ ಇರೋದು ಬರೀ ಜ್ವರದ ದಿನ. ನೀವು ಬ್ಯಾಡ ಅಂದದ್ದೇ ಅದ.”

ಬೇಗಂ ತಾವೇ ಕೊಡಕ್ಕೆ ಕೈ ಹಚ್ಚಿದರು. “ಜ್ವರ ಬಂದದ್ದೂ ನನ್ನ ಮಗಳಿಗೇ ಅಲ್ಲೇನು? ಇಳಸು.”

ಆ ನೀರಿನಲ್ಲಿ ನೆನೆದು ಅಂಗಳದ ಬಿಸಿಲಿನಲ್ಲಿ ಒಣಗಿದ ಕೌದಿಯಿಂದ ಬೇವಿನ ಕಷಾಯದ ವಾಸನೆ ಬಂತು, ಬೆವರಿನದು ಬಂತು, ಒಂದು ಮೂಲೆಯಿಂದ ಬೇಯಿಸಿದ ತೊಗರಿಕಾಯಿಯ ವಾಸನೆಯೂ ಬಂತು. ಬೇಗಂ ಅದೇ ಮೂಲೆಯನ್ನು ಹಿಡಿದು ಕುಳಿತರು. “ಅವತ್ತೊಂದಿನ ಜ್ವರ ಇಳದಿತ್ತು. ತೊಗರಿಕಾಯಿ ಬೇಡಿ ತಿಂದ್ಳು, ನನ್ನ ನೋಡಿ ನಕ್ಕಳು. ನಾ ಮರತೇ ಬಿಟ್ಟಿದ್ದೆ.” ಅಂಬರಾಯರು ಅತ್ತರು, ಅದನ್ನು ಇಂದಿಗೂ ಮುಚ್ಚಿಡುವುದಿಲ್ಲ.

ಅಂದಿನಿಂದ ಅವರು ಯಾವ ಚೀಟಿಯನ್ನೂ ನಂಬಲಿಲ್ಲ. ಸಾಮಾನಿನ ಒಡೆಯರನ್ನು ತೊಟ್ಟಿಯ ಪಕ್ಕದಲ್ಲಿ ಕೂಡಿಸಿಕೊಂಡು, ಕೇಳಿ ಕೇಳಿ ತೊಳೆದರು. ಆಡಕಿಯ ಭಾಗಮ್ಮ ಸತ್ತ ಅತ್ತೆಯ ಬೀಸುಕಲ್ಲು ತಂದು, “ಬೀಸಿದ್ರ ಹಿಟ್ಟಿಗಿಂತ ಬೈಗುಳಾನೇ ಭಾಳ ಉದರ್ತಾವ, ಎಲ್ಲಾ ತೆಗೀರಿ” ಎಂದಾಗ, “ನಾಕು ಬೈಗುಳ ಇರ್ಲಿ ತಾಯಿ, ಮುಂದ ಬೇಕಾಗ್ತಾವ” ಎಂದು ಅಂಚಿನಲ್ಲಿ ಉಳಿಸಿಕೊಟ್ಟರು. ಎರಡು ವರ್ಷದ ಮೇಲೆ ಭಾಗಮ್ಮ ಒಂದು ಬುಟ್ಟಿ ಶೇಂಗಾ ತಂದುಕೊಟ್ಟು ಹೋದಳು.

ಈಗ, ಫಸಲಿ ೧೩೫೬ರಲ್ಲಿ, ಅವರ ನಿವೃತ್ತಿ. ನಿವೃತ್ತರಾಗುವವರ ಕೋಟನ್ನು ಕೊನೆಯ ದಿನ ತೊಟ್ಟಿಯಲ್ಲಿ ತೊಳೆದು, ಸೇವೆಯ ದಣಿವನ್ನೆಲ್ಲ ಇಳಿಸಿ ಮರಳಿಸುವುದು ಕಾರಖಾನೆಯ ಪದ್ಧತಿ. ಅಂಬರಾಯರು ಗುಂಡಿ ಬಿಚ್ಚಲಿಲ್ಲ. “ಬ್ಯಾಡ್ರಿ. ಆ ಕೊಡ ಹೊತ್ತಾಗ ತುಳುಕಿದ ನೀರು ಇದರ ಹೆಗಲಮ್ಯಾಲ ಅದ.”

ಆ ಕೋಟನ್ನು ತೊಟ್ಟೇ ಅವರು ನಮ್ಮ ಸನ್ಮಾನ ಸ್ವೀಕರಿಸಲಿ, ನಾಳೆಯಿಂದ ಸಂಬಳವಿಲ್ಲದಿದ್ದರೂ ತೊಟ್ಟಿಯ ಬಳಿ ಬಂದು ಕಿರಿಯರನ್ನು ಗದರಿಸಲಿ. ನೂರು ವರ್ಷ ಬಾಳಲೆಂದು ಹರಸಿ ಚಿತ್ತಾಪುರದಿಂದ ಖುರ್ಷಿದಬೇಗಂ ಅವರು ಬರೆದ ಕಾಗದ ನಮ್ಮ ಮುಂದಿದೆ. ಚಂದ್ರನ ಲೆಕ್ಕದ ಹಿಜರಿಯ ನೂರೆಂದರೆ ಮೂರು ವರ್ಷ ಕಡಿಮೆಯಾಗುತ್ತದೆ. ಈ ಸಲ ಅಂಬರಾಯರು ತಪ್ಪು ತಿಳಿಯಬಾರದೆಂದು, ‘ನೂರು’ ಎಂಬುದರ ಕೆಳಗೆ ಬೇಗಂ ತಮ್ಮ ಕೈಯಾರೆ ದಪ್ಪಗೆ ಬರೆದಿದ್ದಾರೆ: ಫಸಲಿ.